ಹಳೆಯ ಗ್ರಂಥಗಳ ಗಣಕ ಸಂಗ್ರಹಣೆ

ಕರ್ನಾಟಕದ ಹೊರಗಿದ್ದು ಹಳೆಯ ಕನ್ನಡ ಗ್ರಂಥಗಳನ್ನು ಅಭ್ಯಸಿಸುವವರಿಗೆ ಇಂಟರ್‌ನೆಟ್ ಆರ್ಕೈವ್ ಒಂದು ಮುಖ್ಯ ಆಕರ. ಬ್ರೂಸ್ಟರ್ ಕಾಲ್ ಅಮೆರಿಕದಲ್ಲಿ 1996ರಲ್ಲಿ ಸ್ಥಾಪಿಸಿದ ಈ ಸಂಗ್ರಹದಲ್ಲಿ 1894ರ ಕಿಟ್ಟೆಲ್ ನಿಘಂಟು ಮೊದಲಾದ ಅನೇಕ ಕೃತಿಗಳ ಪುಟಚಿತ್ರಗಳಿವೆ. ಆದರೆ 2024ರ ಅಕ್ಟೋಬರಿನಲ್ಲಿ ನಡೆದ ದಾಳಿಯಿಂದ ಆ ತಾಣವು ಕೆಲವು ದಿನ ಸ್ಥಗಿತಗೊಂಡಿತ್ತು. ಆದುದರಿಂದ ಹಕ್ಕುಸ್ವಾಮ್ಯದ ಅವಧಿ ಮುಗಿದ ಗ್ರಂಥಗಳ ಪ್ರತಿಗಳನ್ನು ಅಧ್ಯಯನ ವಿಭಾಗಗಳು ತಮ್ಮಲ್ಲಿಯೂ ಇರಿಸಿಕೊಳ್ಳುವುದು ಅವಶ್ಯ.

ನೂರಾರು ಕಡತಗಳನ್ನು ಒಂದೊಂದಾಗಿ ಇಳಿಸಿಕೊಳ್ಳುವ ಶ್ರಮವನ್ನು ಸ್ಕ್ರಿಪ್ಟ್, ಅಂದರೆ ಗಣಕಯಂತ್ರಕ್ಕೆ ಬರೆದುಕೊಡುವ ಆಜ್ಞೆಗಳ ಸರಣಿ, ತಪ್ಪಿಸಬಲ್ಲದು. ಆರ್ಕೈವ್‌ನಲ್ಲಿ ಪ್ರತಿಯೊಂದು ಗ್ರಂಥಕ್ಕೂ ಪ್ರತ್ಯೇಕ ಗುರುತುಪದವಿದೆ. ಅವುಗಳನ್ನು ಸಾಲಿಗೊಂದರಂತೆ ಪಟ್ಟಿಮಾಡಿಕೊಟ್ಟರೆ, ಸ್ಕ್ರಿಪ್ಟ್ ಒಂದೊಂದು ಪದದಿಂದಲೂ ಗ್ರಂಥದ ವಿಳಾಸವನ್ನು ರಚಿಸಿ, ವಿಗೆಟ್ ಎಂಬ ಮುಕ್ತ ತಂತ್ರಾಂಶದ ಮೂಲಕ ಕಡತವನ್ನು ತರಿಸುತ್ತದೆ. ಸಂಪರ್ಕ ಕಡಿದರೆ ನಿಂತಲ್ಲಿಂದಲೇ ಮುಂದುವರಿಯುವ ಸೌಲಭ್ಯ ಅದರಲ್ಲಿದೆ. ಸರ್ವರಿಗೆ ಹೊರೆಯಾಗದಂತೆ ಎರಡು ಕಡತಗಳ ನಡುವೆ ಕೆಲವು ಸೆಕೆಂಡುಗಳ ವಿರಾಮವನ್ನೂ ವಿಧಿಸಬೇಕು.

ಕೊನೆಯದು ತಾಳೆ ನೋಡುವ ಹಂತ. ಆರ್ಕೈವ್ ಕಡತಗಳಿಗೆ ನೀಡಿರುವ ಎಂಡಿ5 ಸಂಕೇತವೂ ಇಳಿಸಿಕೊಂಡ ಪ್ರತಿಯ ಸಂಕೇತವೂ ಒಂದೇ ಆಗಿದ್ದರೆ ಕಡತ ಅವಿಕಲವಾಗಿ ಬಂದಿದೆಯೆಂದು ತಿಳಿಯಬಹುದು. ಆದರೆ ಪುಟಚಿತ್ರ ತೆಗೆಯುವಾಗಲೇ ಒಂದು ಹಾಳೆ ಬಿಟ್ಟುಹೋಗಿದ್ದರೆ, ಶೀರ್ಷಿಕೆಯೇ ತಪ್ಪಾಗಿ ದಾಖಲಾಗಿದ್ದರೆ ಈ ಸಂಕೇತ ಅದನ್ನು ಸೂಚಿಸದು. ಆ ಪರಿಶೀಲನೆ ಇಂದಿಗೂ ಗ್ರಂಥಸಂಪಾದಕನ ಹೊಣೆಯೇ ಆಗಿದೆ.