ರಾಷ್ಟ್ರಗಳ ನಡುವಣ ನ್ಯಾಯ: ಯಾರ ದೃಷ್ಟಿಯಲ್ಲಿ?

ಜಗತ್ತಿನ ಯಾವುದೇ ಭಾಗದಲ್ಲಿ ಯುದ್ಧ ಆರಂಭವಾದಾಗ ನಮ್ಮ ಧರ್ಮಕೇಂದ್ರಗಳಲ್ಲಿ ಶಾಂತಿಗಾಗಿ ಪ್ರಾರ್ಥಿಸುತ್ತೇವೆ. ಪ್ರಬೋಧನೆಯಲ್ಲಿಯೂ ಅದನ್ನು ಪ್ರಸ್ತಾಪಿಸುತ್ತೇವೆ. ಆಗ ‘ಸಾರ್ವಭೌಮತ್ವ’, ‘ರಾಷ್ಟ್ರೀಯ ಹಿತಾಸಕ್ತಿ’, ‘ಬಲ ಸಮತೋಲನ’, ‘ನ್ಯಾಯಯುದ್ಧ’ ಎಂಬ ಮಾತುಗಳು ಸಲೀಸಾಗಿ ನಾಲಿಗೆಗೆ ಬರುತ್ತವೆ. ಈ ಪರಿಕಲ್ಪನೆಗಳು ಯಾರ ಅನುಭವದಿಂದ ಮೂಡಿದವು, ಯಾರ ಅನುಭವವನ್ನು ಹೊರಗಿರಿಸಿದವು ಎಂದು ನಾವು ಕೇಳಿಕೊಳ್ಳುವುದು ವಿರಳ. ಇತ್ತೀಚಿನ ದಶಕಗಳಲ್ಲಿ ಅಂತರರಾಷ್ಟ್ರೀಯ ಸಂಬಂಧಗಳ ಶಾಸ್ತ್ರವು ಈ ಪ್ರಶ್ನೆಯನ್ನು ತನಗೆ ತಾನೇ ಹಾಕಿಕೊಳ್ಳುತ್ತಿದೆ. ಆ ಚರ್ಚೆಯ ಸಾರವನ್ನು ವಿವರಿಸಿ, ದೈವಶಾಸ್ತ್ರವನ್ನು ಕಲಿಯುವ ಮತ್ತು ಬೋಧಿಸುವ ನಮಗೆ ಅದು ಏಕೆ ಮುಖ್ಯವೆಂದು ತೋರಿಸುವುದು ಈ ಲೇಖನದ ಉದ್ದೇಶ.

1. ಶಾಸ್ತ್ರದ ಹುಟ್ಟು ಮತ್ತು ಮಿತಿ

ಅಂತರರಾಷ್ಟ್ರೀಯ ಸಂಬಂಧಗಳಿಗೆಂದೇ ಮೀಸಲಾದ ಮೊದಲ ಪ್ರಾಧ್ಯಾಪಕ ಪೀಠವು 1919ರಲ್ಲಿ ವೇಲ್ಸ್‌ನ ಅಬೆರಿಸ್ಟ್‌ವಿತ್‌ನಲ್ಲಿ ಸ್ಥಾಪನೆಯಾಯಿತು. ಪ್ರಥಮ ಮಹಾಯುದ್ಧದಂತಹ ಸಂಹಾರ ಮರುಕಳಿಸದಿರುವ ಮಾರ್ಗವನ್ನು ಅರಸುವುದು ಅದರ ಸದಾಶಯವಾಗಿತ್ತು. ಆದರೆ ಯುದ್ಧದ ಕಾರಣಗಳನ್ನು ಈ ಶಾಸ್ತ್ರವು ಹುಡುಕಿದ್ದು ಬಹುಮಟ್ಟಿಗೆ ಯುರೋಪಿನ ರಾಜ್ಯಗಳ ಪರಸ್ಪರ ವ್ಯವಹಾರದಲ್ಲಿ. ಅದಕ್ಕೂ ನಾಲ್ಕು ವರ್ಷ ಮೊದಲೇ, 1915ರಲ್ಲಿ, ಆಫ್ರಿಕನ್-ಅಮೆರಿಕನ್ ಚಿಂತಕ ಡಬ್ಲ್ಯು. ಇ. ಬಿ. ಡುಬಾಯ್ಸ್ ಅವರು ಆ ಯುದ್ಧದ ಬೇರುಗಳು ಆಫ್ರಿಕಾವನ್ನು ಹಂಚಿಕೊಳ್ಳುವ ಪೈಪೋಟಿಯಲ್ಲಿವೆ ಎಂದು ವಾದಿಸಿದ್ದರು. ಆ ಹಂಚಿಕೆಗೆ ನಿಯಮಗಳನ್ನು ರೂಪಿಸಿದ 1884–85ರ ಬರ್ಲಿನ್ ಸಮ್ಮೇಳನದಲ್ಲಿ ಆಫ್ರಿಕಾದ ಒಬ್ಬ ಪ್ರತಿನಿಧಿಯೂ ಇರಲಿಲ್ಲ. ಡುಬಾಯ್ಸ್ ಅವರ ವಾದಕ್ಕೆ ಈ ಶಾಸ್ತ್ರದ ಪಠ್ಯಗಳಲ್ಲಿ ಬಹುಕಾಲ ತಕ್ಕ ಸ್ಥಾನ ದೊರೆಯಲಿಲ್ಲ.

ದ್ವಿತೀಯ ಮಹಾಯುದ್ಧದ ನಂತರ ಶಾಸ್ತ್ರದ ಕೇಂದ್ರ ಅಮೆರಿಕಕ್ಕೆ ಸರಿಯಿತು. 1977ರಲ್ಲಿ ಸ್ಟ್ಯಾನ್ಲಿ ಹಾಫ್‌ಮನ್ ಇದನ್ನು ಅಮೆರಿಕದ ಸಮಾಜವಿಜ್ಞಾನವೆಂದೇ ಕರೆದರು. ಅಲ್ಲಿ ಪ್ರಬಲವಾದ ವಾಸ್ತವವಾದದ ಮೂಲ ಗ್ರಹಿಕೆ ಹೀಗಿದೆ: ರಾಷ್ಟ್ರಗಳ ಮೇಲೆ ಆಳ್ವಿಕೆ ನಡೆಸುವ ಅಧಿಕಾರ ಯಾವುದೂ ಇಲ್ಲ, ಆದ್ದರಿಂದ ಪ್ರತಿಯೊಂದು ರಾಷ್ಟ್ರವೂ ತನ್ನ ಭದ್ರತೆಗಾಗಿ ಬಲವನ್ನು ಕೂಡಿಹಾಕುತ್ತದೆ. ಇದು ಸುಳ್ಳಲ್ಲ. ಆದರೆ ವಸಾಹತುಗಳಾಗಿದ್ದ ನಾಡುಗಳ ಜನರ ಅನುಭವ ಬೇರೆಯೇ ಆಗಿತ್ತು. ಅವರನ್ನು ಕಾಡಿದ್ದು ಮೇಲಧಿಕಾರದ ಅಭಾವವಲ್ಲ, ತಾವು ಒಪ್ಪದ ಮೇಲಧಿಕಾರದ ಭಾರ. ಆಳುವವರಿಗೆ ಅರಾಜಕತೆ ಮೊದಲ ಸಮಸ್ಯೆಯಾಗಿ ಕಂಡರೆ, ಆಳಿಸಿಕೊಂಡವರಿಗೆ ಮೇಲು-ಕೀಳಿನ ಶ್ರೇಣಿಯೇ ಮೊದಲ ಸಮಸ್ಯೆಯಾಗಿತ್ತು. 1955ರಲ್ಲಿ ಇಂಡೋನೇಷ್ಯಾದ ಬಾಂಡುಂಗ್‌ನಲ್ಲಿ ಸೇರಿದ 29 ಏಷ್ಯಾ-ಆಫ್ರಿಕಾ ರಾಷ್ಟ್ರಗಳು ತಾವು ಘೋಷಿಸಿದ ಹತ್ತು ತತ್ವಗಳಲ್ಲಿ ಜನಾಂಗಗಳ ಸಮಾನತೆಯನ್ನು ಸೇರಿಸಿದ್ದು ಈ ಹಿನ್ನೆಲೆಯಲ್ಲಿ.

2007ರಲ್ಲಿ ಒಡಿಶಾ ಮೂಲದ ಅಮಿತಾವ್ ಆಚಾರ್ಯ ಹಾಗೂ ಬ್ರಿಟನ್ನಿನ ಬ್ಯಾರಿ ಬುಜಾನ್ ಅವರು, ಪಾಶ್ಚಾತ್ಯೇತರವಾದ ಅಂತರರಾಷ್ಟ್ರೀಯ ಸಿದ್ಧಾಂತ ಏಕೆ ಕಾಣಸಿಗುವುದಿಲ್ಲ ಎಂಬ ಪ್ರಶ್ನೆಯನ್ನೆತ್ತಿದರು. ಇತರ ನಾಗರಿಕತೆಗಳಲ್ಲಿ ಚಿಂತನೆ ಇರಲಿಲ್ಲವೆಂಬುದು ಅವರ ಉತ್ತರವಲ್ಲ. ಆ ಚಿಂತನೆ ‘ಸಿದ್ಧಾಂತ’ವೆಂಬ ಮನ್ನಣೆ ಪಡೆಯುವ ಬಾಗಿಲುಗಳು ಕಿರಿದಾಗಿದ್ದವು. ಇರುವುದನ್ನು ಕೆಡವುವುದು ಆಚಾರ್ಯರ ಗುರಿಯಲ್ಲ. ಜಗತ್ತಿನ ಹಲವು ಚರಿತ್ರೆಗಳ ಮೇಲೆ ನಿಲ್ಲುವಂತೆ ಈ ಶಾಸ್ತ್ರವನ್ನು ವಿಸ್ತರಿಸಬೇಕೆಂಬುದು ಅವರ ಆಶಯ.

2. ನಮ್ಮದೆಂಬುದೂ ನಿರ್ದೋಷವಲ್ಲ

ಇಲ್ಲೊಂದು ಎಚ್ಚರಿಕೆ ಅಗತ್ಯ. ಪಾಶ್ಚಾತ್ಯವಾದುದೆಲ್ಲ ದಬ್ಬಾಳಿಕೆ, ಪೌರಸ್ತ್ಯವಾದುದೆಲ್ಲ ಶಾಂತಿ ಎಂದು ಭಾವಿಸಿದರೆ ಒಂದು ವಿಗ್ರಹದ ಜಾಗದಲ್ಲಿ ಇನ್ನೊಂದನ್ನು ಕೂರಿಸಿದಂತಾಗುತ್ತದೆ. ಕೌಟಿಲ್ಯನ ಅರ್ಥಶಾಸ್ತ್ರವನ್ನೇ ನೋಡೋಣ. ಮೈಸೂರಿನ ಪ್ರಾಚ್ಯ ಗ್ರಂಥಾಲಯದಲ್ಲಿದ್ದ ಅದರ ಹಸ್ತಪ್ರತಿಯನ್ನು ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಪ್ರಕಟಿಸಿದರು. ನೆರೆಯ ರಾಜ ಸಹಜ ಶತ್ರು, ಅವನಾಚೆಯವನು ಸಹಜ ಮಿತ್ರ ಎನ್ನುವ ಅದರ ಮಂಡಲ ಸಿದ್ಧಾಂತವು ಯಾವ ವಾಸ್ತವವಾದಕ್ಕಿಂತಲೂ ಮೃದುವಲ್ಲ. ಅಬೆರಿಸ್ಟ್‌ವಿತ್ ಪೀಠ ಸ್ಥಾಪನೆಯಾದ ಅದೇ 1919ರಲ್ಲಿ ಮ್ಯಾಕ್ಸ್ ವೆಬರ್, ಈ ಗ್ರಂಥದ ಮುಂದೆ ಮ್ಯಾಕಿಯವೆಲ್ಲಿಯ ಕೃತಿ ನಿರುಪದ್ರವಿಯೆಂದು ಹೇಳಿದ್ದರು.

ಅಶೋಕನ 13ನೆಯ ಶಿಲಾಶಾಸನವು ಕಳಿಂಗ ಯುದ್ಧಕ್ಕಾಗಿ ಪಶ್ಚಾತ್ತಾಪಪಟ್ಟು ಧರ್ಮವಿಜಯವೇ ಶ್ರೇಷ್ಠವೆಂದು ಸಾರುತ್ತದೆ. ಜಯಶಾಲಿಯಾದ ಅರಸನೊಬ್ಬನಿಂದ ಅಂತಹ ಮಾತು ಬಂದಿರುವುದು ಚರಿತ್ರೆಯಲ್ಲಿ ಅಪೂರ್ವ. ಆದರೆ ಅದೇ ಶಾಸನ ಅರಣ್ಯವಾಸಿಗಳಿಗೆ ದಂಡನೆಯ ಎಚ್ಚರಿಕೆಯನ್ನೂ ಕೊಡುತ್ತದೆ. ಕಳಿಂಗದ ಧೌಲಿ ಮತ್ತು ಜೌಗಡದ ಬಂಡೆಗಳಲ್ಲಿ ಈ 13ನೆಯ ಶಾಸನವನ್ನು ಕೆತ್ತಿಸಿಲ್ಲ; ಅದರ ಬದಲಿಗೆ ಬೇರೆ ಶಾಸನಗಳಿವೆ. ಯಾರ ನೆಲದ ಮೇಲೆ ರಕ್ತ ಚೆಲ್ಲಿತೋ ಅಲ್ಲಿಯ ಬಂಡೆಯಲ್ಲಿ ಆ ಪಶ್ಚಾತ್ತಾಪ ಇಲ್ಲ. ಆದುದರಿಂದ ಕೇಳಬೇಕಾದ ಪ್ರಶ್ನೆ ಪೂರ್ವವೋ ಪಶ್ಚಿಮವೋ ಎಂಬುದಲ್ಲ. ನಿಯಮ ರೂಪಿಸುವಾಗ ಅದರ ಫಲ ಉಣ್ಣಬೇಕಾದವರು ಅಲ್ಲಿದ್ದರೇ ಎಂಬುದು.

3. ಧರ್ಮಸಭೆಯ ಪಾಲು

ಈ ಪ್ರಶ್ನೆಯನ್ನು ನಾವು ಮೊದಲು ನಮಗೇ ಕೇಳಿಕೊಳ್ಳಬೇಕು. 1493ರಲ್ಲಿ ಜಗದ್ಗುರು ಆರನೆಯ ಅಲೆಕ್ಸಾಂಡರರ ಶಾಸನಪತ್ರವು, ಅಟ್ಲಾಂಟಿಕ್ ಸಾಗರದಾಚೆ ಹೊಸದಾಗಿ ಕಂಡುಬಂದ ನಾಡುಗಳನ್ನು ಅಲ್ಲಿಯ ನಿವಾಸಿಗಳನ್ನು ಕೇಳದೆಯೇ ಸ್ಪೇನಿನ ಅರಸರಿಗೆ ವಹಿಸಿಕೊಟ್ಟಿತು. 1537ರಲ್ಲಿ ಮೂರನೆಯ ಪೌಲರು, ಆ ಜನರ ಸ್ವಾತಂತ್ರ್ಯವನ್ನೂ ಆಸ್ತಿಯನ್ನೂ ಕಸಿಯಕೂಡದೆಂದು ಘೋಷಿಸಿದರು. 1539ರಲ್ಲಿ ಸಲಮಾಂಕಾದ ದೊಮಿನಿಕನ್ ಗುರು ಫ್ರಾನ್ಸಿಸ್ಕೊ ದೆ ವಿತೋರಿಯಾ, ಚಕ್ರವರ್ತಿಯಾಗಲಿ ಜಗದ್ಗುರುವಾಗಲಿ ಇಡೀ ಲೋಕದ ಲೌಕಿಕ ಒಡೆಯರಲ್ಲವೆಂದು ಬೋಧಿಸಿದರು. ಅಂತರರಾಷ್ಟ್ರೀಯ ಕಾನೂನಿನ ಮೂಲಪುರುಷರಲ್ಲಿ ಅವರನ್ನು ಎಣಿಸುವುದುಂಟು. ಆದರೂ ಸಂಚಾರ, ವ್ಯಾಪಾರ ಹಾಗೂ ಶುಭಸಂದೇಶ ಪ್ರಸಾರಗಳಿಗೆ ತಡೆಯೊಡ್ಡಿದರೆ ಯುದ್ಧ ನ್ಯಾಯಸಮ್ಮತವಾಗಬಹುದೆಂಬ ಬಾಗಿಲನ್ನು ಅವರು ತೆರೆದಿಟ್ಟರು. ಆ ಚರ್ಚೆ ನಡೆದ ಸಭಾಂಗಣದಲ್ಲಿಯೂ ಆ ನಾಡಿನವರ ಧ್ವನಿ ಇರಲಿಲ್ಲ. ಕೊನೆಗೆ 2023ರ ಮಾರ್ಚ್ 30ರಂದು ವ್ಯಾಟಿಕನ್ ‘ಆವಿಷ್ಕಾರದ ಸಿದ್ಧಾಂತ’ವನ್ನು ಬಹಿರಂಗವಾಗಿ ತಿರಸ್ಕರಿಸಿತು. ಮೂಲನಿವಾಸಿಗಳು ದೀರ್ಘಕಾಲ ಒತ್ತಾಯಿಸಿದ ಬಳಿಕವೇ ಈ ಮಾತು ಬಂದಿತೆಂಬುದನ್ನು ನಾವು ಮರೆಯಬಾರದು.

ನಮ್ಮ ಪರಂಪರೆಯೊಳಗೇ ಇನ್ನೊಂದು ಧ್ವನಿಯೂ ಇದೆ. ಇಪ್ಪತ್ತನೆಯ ಶತಮಾನದ ವಾಸ್ತವವಾದವು ದೈವಶಾಸ್ತ್ರಜ್ಞ ರೈನ್‌ಹೋಲ್ಡ್ ನೀಬೂರ್ ಅವರ ಮೂಲಕ ಸಂತ ಅಗಸ್ಟೀನರ ಪಾಪದ ಬೋಧನೆಗೆ ಋಣಿಯಾಗಿದೆ. ‘ಪಾಶ್ಚಾತ್ಯ’ವೆಂದು ನಾವು ಎಣಿಸುವ ಅಗಸ್ಟೀನರು ಇಂದಿನ ಅಲ್ಜೀರಿಯದಲ್ಲಿ ಹುಟ್ಟಿದ ಆಫ್ರಿಕಾದವರು. 410ರಲ್ಲಿ ರೋಮ್ ಸೂರೆಯಾದ ನಂತರ ಬರೆದ ‘ದೇವರ ನಗರ’ದಲ್ಲಿ ಅವರು, ಸೆರೆಸಿಕ್ಕ ಕಡಲ್ಗಳ್ಳನೊಬ್ಬ ಅಲೆಕ್ಸಾಂಡರನಿಗೆ ಕೊಟ್ಟ ಉತ್ತರವನ್ನು ನೆನಪಿಸುತ್ತಾರೆ. ತನ್ನದು ಒಂದು ಚಿಕ್ಕ ಹಡಗು, ರಾಜನದು ದೊಡ್ಡ ನೌಕಾಪಡೆ. ಕೆಲಸ ಮಾತ್ರ ಒಂದೇ ಎಂಬುದು ಅವನ ಮಾತಿನ ತಾತ್ಪರ್ಯ. ಅಗಸ್ಟೀನರಿಂದ ಬಲದ ತರ್ಕವನ್ನು ಕಲಿತ ನಾವು ಆ ಕಡಲ್ಗಳ್ಳನ ಪ್ರಶ್ನೆಯನ್ನು ಕೈಬಿಡಲಾಗದು.

4. ಹಲವು ದೃಷ್ಟಿ, ಒಂದೇ ಸತ್ಯ

ದೃಷ್ಟಿಕೋನಗಳು ಹಲವಾದರೆ ಸತ್ಯವೂ ಹಲವಾಗುವುದಿಲ್ಲವೇ, ಮಾನವ ಘನತೆಯಂತಹ ಸಾರ್ವತ್ರಿಕ ಮೌಲ್ಯಗಳು ಸಡಿಲವಾಗುವುದಿಲ್ಲವೇ ಎಂಬ ಆಕ್ಷೇಪಣೆ ಗಂಭೀರವಾದುದು. ಅದಕ್ಕೆ ಉತ್ತರ ನಮ್ಮ ಕೈಯಲ್ಲಿರುವ ಶ್ರೀಗ್ರಂಥದಲ್ಲಿಯೇ ಇದೆ. ಎರಡನೆಯ ಶತಮಾನದಲ್ಲಿ ತಾತಿಯಾನನು ನಾಲ್ಕು ಶುಭಸಂದೇಶಗಳನ್ನು ಹೆಣೆದು ಒಂದೇ ಕಥನವಾಗಿಸಿದನು. ಸಿರಿಯಾಕ್ ಧರ್ಮಸಭೆಗಳಲ್ಲಿ ಅದು ಬಹುಕಾಲ ಬಳಕೆಯಲ್ಲಿತ್ತು. ಆದರೂ ಧರ್ಮಸಭೆ ಕೊನೆಗೆ ಉಳಿಸಿಕೊಂಡದ್ದು ನಾಲ್ಕನ್ನೇ. ನಾಲ್ಕು ಸಾಕ್ಷ್ಯಗಳಿಂದ ಪ್ರಭು ನಾಲ್ವರಾಗಲಿಲ್ಲ. ಒಬ್ಬನೇ ಪ್ರಭುವಿನ ಅರಿವು ಪೂರ್ಣವಾಯಿತು. ಪ್ರವಾದಿ ಆಮೋಸನು (9:7) ಇಸ್ರಯೇಲರಿಗೆ ಹೇಳಿದ ಮಾತೂ ಇದೇ ದಿಕ್ಕಿನದು: ಅವರನ್ನು ಈಜಿಪ್ಟಿನಿಂದ ಕರೆತಂದ ದೇವರೇ ಫಿಲಿಷ್ಟಿಯರನ್ನೂ ಸಿರಿಯನ್ನರನ್ನೂ ಅವರವರ ಮೂಲನೆಲೆಗಳಿಂದ ಕರೆತಂದರು. ಶತ್ರುವಿಗೂ ದೇವರೊಡನೆ ಒಂದು ಚರಿತ್ರೆಯಿದೆ.

5. ಬೋಧನೆ ಮತ್ತು ಪಾಲನೆಯಲ್ಲಿ

ಇದರ ಪರಿಣಾಮ ನೀತಿಶಾಸ್ತ್ರದ ಬೋಧನೆಯಲ್ಲಿ ಸ್ಪಷ್ಟವಾಗಿ ಕಾಣಬೇಕು. ನ್ಯಾಯಯುದ್ಧದ ಷರತ್ತುಗಳು ಈಡೇರಿವೆಯೇ ಎಂದು ನಿರ್ಣಯಿಸುವ ಹೊಣೆಯನ್ನು ಕಥೋಲಿಕ ಧರ್ಮೋಪದೇಶ ಗ್ರಂಥವು (ಸಂಖ್ಯೆ 2309) ಸಾಮಾನ್ಯ ಹಿತದ ಜವಾಬ್ದಾರಿ ಹೊತ್ತವರ ವಿವೇಕಕ್ಕೆ ಬಿಡುತ್ತದೆ. ಹೀಗಾದಾಗ ವಾದಿಯೇ ನ್ಯಾಯಾಧೀಶನೂ ಆಗುವ ಅಪಾಯವಿದೆ. 2020ರ ‘ಫ್ರತೆಲ್ಲಿ ತುತ್ತಿ’ ವಿಶ್ವಪತ್ರದಲ್ಲಿ ಜಗದ್ಗುರು ಫ್ರಾನ್ಸಿಸ್, ಹಿಂದಿನ ಶತಮಾನಗಳಲ್ಲಿ ರೂಪುಗೊಂಡ ಆ ಮಾನದಂಡಗಳನ್ನು ಇಂದು ಆಧಾರವಾಗಿ ಹಿಡಿಯುವುದು ಬಹು ಕಷ್ಟವೆಂದರು. ಆದುದರಿಂದ ಷರತ್ತುಗಳ ಪಟ್ಟಿಯನ್ನು ಬೋಧಿಸುವಾಗ, ಬಾಂಬು ಬೀಳುವ ಊರಿನವರು ಈ ಪಟ್ಟಿಯನ್ನು ಹೇಗೆ ಓದುತ್ತಾರೆ ಎಂಬ ಪ್ರಶ್ನೆಯನ್ನೂ ಜೊತೆಗಿರಿಸಬೇಕು.

ಪ್ರೇಷಿತರ ಕಾರ್ಯಕಲಾಪಗಳ ಆರನೆಯ ಅಧ್ಯಾಯ ಇದಕ್ಕೊಂದು ಮಾದರಿ. ಗ್ರೀಕ್ ಭಾಷೆಯ ವಿಧವೆಯರು ದಿನನಿತ್ಯದ ಹಂಚಿಕೆಯಲ್ಲಿ ಕಡೆಗಣಿಸಲ್ಪಟ್ಟರೆಂಬ ಗೊಣಗಾಟ ಎದ್ದಾಗ, ಪ್ರೇಷಿತರು ಅದನ್ನು ಒಡಕಿನ ಮಾತೆಂದು ತಳ್ಳಿಹಾಕಲಿಲ್ಲ. ಆಗ ಆರಿಸಲಾದ ಏಳು ಮಂದಿಯ ಹೆಸರುಗಳೂ ಗ್ರೀಕ್ ಹೆಸರುಗಳೇ. ದೂರಿದವರ ಕಡೆಯವರಿಗೇ ಹಂಚಿಕೆಯ ಹೊಣೆ ಒಪ್ಪಿಸಲಾಯಿತೆಂದು ಇದರಿಂದ ಊಹಿಸಬಹುದು. ಆ ಗೊಣಗಾಟವನ್ನು ಕೇಳಿಸಿಕೊಂಡದ್ದರಿಂದ ಧರ್ಮಸಭೆ ದುರ್ಬಲವಾಗಲಿಲ್ಲ. ದೇವರ ವಾಕ್ಯ ಇನ್ನಷ್ಟು ಹಬ್ಬಿತೆಂದು ಅದೇ ಅಧ್ಯಾಯ ತಿಳಿಸುತ್ತದೆ. ಮುಂದಿನ ಬಾರಿ ಬಲಿಪೂಜೆಯಲ್ಲಿ ಶಾಂತಿಗಾಗಿ ಪ್ರಾರ್ಥಿಸುವಾಗ, ಎರಡೂ ಕಡೆಯ ಊರುಗಳ ಹೆಸರುಗಳನ್ನು ಗಟ್ಟಿಯಾಗಿ ಉಚ್ಚರಿಸುವುದರಿಂದಲೇ ನಾವು ಆರಂಭಿಸಬಹುದು.