ಕೆನೆಯಂಥ ಆಲೂಗಡ್ಡೆ ಮತ್ತು ಮಿಕ್ಸಿಯ ಮೇಲಿನ ಕುರುಡು ನಂಬಿಕೆ

ಬೇಯಿಸಿದ ಆಲೂಗಡ್ಡೆಯನ್ನು ಕಿವುಚಿ ಬೆಣ್ಣೆ, ಹಾಲು ಕೂಡಿಸಿ ಮಾಡುವ ಮ್ಯಾಶ್ಡ್ ಪೊಟೇಟೊ ಎಂಬ ಪಾಶ್ಚಾತ್ಯ ಖಾದ್ಯವು ಪ್ರೆಷರ್ ಕುಕ್ಕರಿನ ನೆರವಿನಿಂದ ನಮ್ಮ ಅಡುಗೆಮನೆಗಳಲ್ಲಿಯೂ ಸುಲಭವಾಗಿದೆ; ಆದರೆ ಅದರ ಸುತ್ತ ಹಬ್ಬಿರುವ ತಪ್ಪು ಕಲ್ಪನೆಗಳಲ್ಲಿ ಒಂದು ಮಾತ್ರ ಎಷ್ಟು ಸಲ ತಿದ್ದಿದರೂ ಮತ್ತೆ ತಲೆಯೆತ್ತುತ್ತದೆ. ಬೆಂದ ಆಲೂಗಡ್ಡೆಯನ್ನು ಮಿಕ್ಸಿಗೆ ಹಾಕಿ ಹೆಚ್ಚು ತಿರುಗಿಸಿದಷ್ಟೂ ಅದು ಕೆನೆಯಂತೆ ನುಣುಪಾಗುತ್ತದೆ ಎಂಬುದೇ ಆ ನಂಬಿಕೆ. ಇದು ಪೂರ್ತಿ ತಪ್ಪು.

ಆಲೂಗಡ್ಡೆಯ ತೂಕದಲ್ಲಿ ಸುಮಾರು ಶೇ. 80ರಷ್ಟು ನೀರು, ಉಳಿದುದರಲ್ಲಿ ಹೆಚ್ಚಿನ ಪಾಲು ಪಿಷ್ಟ, ಅಂದರೆ ಗಿಡವು ತನ್ನ ಆಹಾರವನ್ನು ಸಣ್ಣ ಕಣಗಳ ರೂಪದಲ್ಲಿ ಜೀವಕೋಶಗಳೊಳಗೆ ಕೂಡಿಟ್ಟುಕೊಂಡ ದಾಸ್ತಾನು. ಈ ಕೋಶಗಳನ್ನು ಒಂದಕ್ಕೊಂದು ಬೆಸೆದಿಡುವ ವಸ್ತುವೇ ಪೆಕ್ಟಿನ್. ಹಣ್ಣಿನ ಜಾಮ್ ಗಟ್ಟಿಯಾಗುವುದೂ ಅದರಿಂದಲೇ. ತೆರೆದ ಪಾತ್ರೆಯ ನೀರು 100 ಡಿಗ್ರಿ ಸೆಲ್ಸಿಯಸ್ ಮೀರಲಾರದು, ಆದರೆ ಕುಕ್ಕರಿನೊಳಗೆ ಆವಿಯ ಒತ್ತಡದಿಂದ ಶಾಖವು ಸುಮಾರು 120 ಡಿಗ್ರಿಗೆ ಏರುವುದರಿಂದ ಪೆಕ್ಟಿನ್ ಬೇಗ ಸಡಿಲಗೊಂಡು ಕೋಶಗಳು ಬಹುಮಟ್ಟಿಗೆ ಒಡೆಯದೆಯೇ ಬಿಡಿಬಿಡಿಯಾಗುತ್ತವೆ, ಒಳಗಿನ ಪಿಷ್ಟವು ನೀರು ಹೀರಿ ಉಬ್ಬಿ ಅಲ್ಲಿಯೇ ಉಳಿಯುತ್ತದೆ. ಹೀಗೆ ಇಡಿಯಾಗಿ ಬೇರ್ಪಟ್ಟ ಕೋಶಗಳ ನಡುವೆ ಬೆಣ್ಣೆ, ಹಾಲು ಹರಡಿಕೊಂಡಾಗ ನಾಲಿಗೆಗೆ ಕೆನೆಯ ಅನುಭವವಾಗುತ್ತದೆ.

ಮಿಕ್ಸಿಯ ಬ್ಲೇಡು ಮಾಡುವುದು ಇದಕ್ಕೆ ತದ್ವಿರುದ್ಧವಾದ ಕೆಲಸ. ಅದು ಕೋಶಗಳನ್ನೇ ಸೀಳುತ್ತದೆ. ಉಬ್ಬಿದ ಪಿಷ್ಟವೂ, ಅದರಲ್ಲಿನ ಅಮೈಲೋಸ್ ಎಂಬ ಉದ್ದನೆಯ ಸರಪಳಿಯಂಥ ಅಣುಗಳೂ ಹೊರಚೆಲ್ಲಿ, ಹತ್ತಿ ಸೀರೆಗೆ ಹಾಕುವ ಗಂಜಿಯಂತೆಯೇ ಅಂಟುತ್ತವೆ. ಅಂಥ ಆಲೂಗಡ್ಡೆಯಲ್ಲಿ ಚಮಚ ಅದ್ದಿ ಎತ್ತಿದರೆ ಅದು ಉದುರುವ ಬದಲು ಎಳೆಯಾಗಿ ಜಗ್ಗುತ್ತದೆ, ಬಾಯಲ್ಲಿ ಅಂಗುಳಿಗೆ ಮೆತ್ತಿಕೊಳ್ಳುತ್ತದೆ. ಹಾಲು ಸುರಿದರೆ ತೆಳುವಾದೀತೇ ಹೊರತು ಒಡೆದ ಕೋಶ ಮತ್ತೆ ಕೂಡುವುದಿಲ್ಲ. ನುಣ್ಣಗೆ ರುಬ್ಬಿದಷ್ಟೂ ಲೇಸು ಎಂಬುದು ತೆಂಗಿನಕಾಯಿ ಚಟ್ನಿಗೆ ಸಲ್ಲುವ ನಿಯಮ. ಅದನ್ನು ಬೆಂದ ಆಲೂಗಡ್ಡೆಗೆ ಹೊರಿಸುವುದು ಅವಿಚಾರ. ಈ ಖಾದ್ಯದಿಂದಲೇ ಹೆಸರಾದ ಫ್ರಾನ್ಸಿನ ಬಾಣಸಿಗ ಜೋಯೆಲ್ ರೊಬುಶೋನ್ ಆಲೂಗಡ್ಡೆಗೆ ಧಾರಾಳವಾಗಿ ಬೆಣ್ಣೆ ಸೇರಿಸುತ್ತಿದ್ದರೂ, ನುಣುಪನ್ನು ಸಾಧಿಸಿದ್ದು ಕೈಯಿಂದ ತಿರುಗಿಸುವ ಸಾಧನ ಮತ್ತು ಸಣ್ಣ ಕಣ್ಣಿನ ಜರಡಿಯಿಂದ. ಮನೆಯಲ್ಲಿ ಸಿಪ್ಪೆ ಸುಲಿದ ಬಿಸಿ ಆಲೂಗಡ್ಡೆಯನ್ನು ಜರಡಿಯ ಮೇಲಿಟ್ಟು ಸೌಟಿನ ಬೆನ್ನಿನಿಂದ ಒತ್ತಿ ಇಳಿಸಿ, ಬೆಣ್ಣೆ ಮತ್ತು ಬಿಸಿ ಹಾಲು ಬೆರೆಸಿದ ಕೂಡಲೇ ಕೈ ನಿಲ್ಲಿಸಿದರೆ ಸಾಕು.

ಉಳಿದ ನಂಬಿಕೆಗಳಿಗೆ ಹೆಚ್ಚು ಮಾತು ಬೇಕಿಲ್ಲ. ಸೀಟಿಗಳ ಎಣಿಕೆಯೇ ಬೇಯುವಿಕೆಯ ಅಳತೆ ಎಂಬುದು ಸರಿಯಲ್ಲ. ಸೀಟಿಯು ಮಿತಿಮೀರಿದ ಆವಿ ಹೊರಹೋಗುವ ಸದ್ದಷ್ಟೇ, ಬೇಯಿಸುವುದು ಶಾಖ ಮತ್ತು ಸಮಯ. ಕುಕ್ಕರ್ ಪೋಷಕಾಂಶಗಳನ್ನೆಲ್ಲ ಕೊಲ್ಲುತ್ತದೆ ಎಂಬ ಭಯಕ್ಕೂ ಆಧಾರವಿಲ್ಲ. ಸಿಪ್ಪೆಸಹಿತ, ಕಡಿಮೆ ನೀರಿನಲ್ಲಿ, ಅಲ್ಪ ಕಾಲ ಬೇಯುವುದರಿಂದ ನೀರಿಗೆ ಸೋರಿಹೋಗುವ ಅಂಶವೇ ಕಡಿಮೆ. ಹಸಿರುಗಟ್ಟಿದ ಆಲೂಗಡ್ಡೆಯ ವಿಷ ಕುಕ್ಕರಿನ ಶಾಖಕ್ಕೆ ಅಳಿಯುತ್ತದೆಂಬ ನಂಬಿಕೆ ಮಾತ್ರ ಅಪಾಯಕಾರಿ. ಸೋಲನೈನ್ ಎಂಬ ಆ ವಿಷಕ್ಕೆ 120 ಡಿಗ್ರಿ ಏನೂ ಸಾಲದು.

ಇಂಥ ತಪ್ಪುಗಳು ಉಳಿದುಕೊಂಡಿರುವುದು ಅವುಗಳನ್ನು ಪರೀಕ್ಷಿಸುವುದು ಕಷ್ಟವೆಂದಲ್ಲ. ಯಾರೋ ಹೇಳಿದ್ದನ್ನು, ಯಂತ್ರ ಮಾಡಿದ್ದನ್ನು, ಕಣ್ಣೆದುರಿನ ಫಲ ಬೇರೆಯೇ ಸಾರುತ್ತಿದ್ದರೂ ಒಪ್ಪಿಕೊಂಡು, ಅಂಟಾದ ಮೇಲೆ ಆಲೂಗಡ್ಡೆಯನ್ನೇ ದೂರುವ ಅಭ್ಯಾಸವು ಅಡುಗೆಮನೆಯಾಚೆಗೂ ಬೇರೂರಿದೆ. ಓದುಗರು ಬೆಂದ ಒಂದೇ ಆಲೂಗಡ್ಡೆಯನ್ನು ಎರಡು ಹೋಳು ಮಾಡಿ, ಒಂದನ್ನು ಮಿಕ್ಸಿಗೆ ಹಾಕಿ, ಇನ್ನೊಂದನ್ನು ಜರಡಿಯಲ್ಲಿ ಒತ್ತಿ, ಎರಡನ್ನೂ ರುಚಿ ನೋಡಿ ತಾವೇ ತೀರ್ಮಾನಿಸಲಿ.