ಲಿಂಗೈಕ್ಯರ ಸ್ಮರಣೆ ಹೇಗಿರಬೇಕು?

ಮನೆಯ ಹಿರಿಯರು ತೀರಿಕೊಂಡರೆ ನಾವು ‘ಸತ್ತರು’ ಎನ್ನುವುದಿಲ್ಲ. ‘ಲಿಂಗೈಕ್ಯರಾದರು’, ‘ಶಿವಾಧೀನರಾದರು’ ಎನ್ನುತ್ತೇವೆ. ಸಾವಿಗೆ ಸೂತಕವುಂಟೆಂಬುದನ್ನೇ ಶರಣರು ಒಪ್ಪಲಿಲ್ಲ. ಆದರೆ ಸೂತಕವಿಲ್ಲವೆಂದ ಮಾತ್ರಕ್ಕೆ ದುಃಖವೂ ಇಲ್ಲವೆಂದು ಅರ್ಥವಲ್ಲ. ಕೈಗೆ ಬಂದ ಮಗನನ್ನು ಮಣ್ಣಿಗಿಟ್ಟು ಬಂದ ತಾಯಿಗೆ “ಅಳಬ್ಯಾಡವ್ವಾ, ಎಲ್ಲಾ ಶಿವನಿಚ್ಛೆ” ಎಂದು ಬಾಯಿ ಮುಚ್ಚಿಸುವವರು ಎಲ್ಲ ಊರಲ್ಲಿಯೂ ಇದ್ದಾರೆ. ಆಕೆ ಅಳಲಿ ಬಿಡಿ. ಒಲೆ ಹೊತ್ತದ ಆ ಮನೆಗೆ ನಾಲ್ಕು ರೊಟ್ಟಿ ಒಯ್ದು, ಸುಮ್ಮನೆ ಪಕ್ಕದಲ್ಲಿ ಕುಳಿತರೆ ಅದೇ ದೊಡ್ಡ ಉಪದೇಶ.

2019ರ ಜನವರಿ 21ರಂದು ತುಮಕೂರಿನ ಸಿದ್ಧಗಂಗೆಯಲ್ಲಿ ಪರಮಪೂಜ್ಯ ಶಿವಕುಮಾರ ಸ್ವಾಮಿಗಳು ತಮ್ಮ 111ನೆಯ ವಯಸ್ಸಿನಲ್ಲಿ ಲಿಂಗೈಕ್ಯರಾದರು. ಮಧ್ಯಾಹ್ನಕ್ಕೆ ಮೊದಲೇ ಉಸಿರು ನಿಂತಿದ್ದರೂ ಮಠದ ಸಾವಿರಾರು ಮಕ್ಕಳ ಪ್ರಸಾದವಾಗುವವರೆಗೆ ಸುದ್ದಿಯನ್ನು ಹೊರಗೆಡಹಲಿಲ್ಲ. ಮಕ್ಕಳು ಹಸಿದಿರಬಾರದೆಂಬುದು ಪೂಜ್ಯರದೇ ಅಪ್ಪಣೆಯಾಗಿತ್ತು. ಆ ಮಕ್ಕಳು ಅಂದು ಅಳಲಿಲ್ಲವೇ? ಅತ್ತರು, ಬಿಕ್ಕಿ ಬಿಕ್ಕಿ ಅತ್ತರು. ಆದರೆ ಉಂಡು ಅತ್ತರು.

ವಿಜಯಪುರ ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಸ್ವಾಮಿಗಳು 2023ರ ಜನವರಿ 2ರಂದು ಅಗಲಿದರು. 2014ರ ಗುರುಪೂರ್ಣಿಮೆಯಂದೇ ಪತ್ರ ಬರೆದಿಟ್ಟಿದ್ದರು: ದೇಹವನ್ನು ಅಗ್ನಿಗೆ ಅರ್ಪಿಸಬೇಕು, ಚಿತಾಭಸ್ಮವನ್ನು ನದಿಗೋ ಸಾಗರಕ್ಕೋ ಬಿಡಬೇಕು, ಶ್ರಾದ್ಧವಿಧಿ ಬೇಡ, ಸ್ಮಾರಕವೂ ಬೇಡ. ಹೂಳುವುದೇ ರೂಢಿಯಾದ ನಮ್ಮಲ್ಲಿ ಅನೇಕ ಹಿರಿಯರಿಗೆ ಇದು ನುಂಗಲಾರದ ಮಾತಾಯಿತು. ಗದ್ದುಗೆಯಿಲ್ಲದಿದ್ದರೆ ಕಾಯಿ ಒಡೆಯುವುದೆಲ್ಲಿ, ಹಣೆ ಹಚ್ಚುವುದೆಲ್ಲಿ? ಆದರೂ ಅವರ ಪ್ರವಚನ ಕೇಳಿದವರು ಅವರನ್ನು ಮರೆತಿಲ್ಲ.

ಹಾಗೆಂದು ಗದ್ದುಗೆ ಪೂಜೆ ಬಿಡಿರೆಂದು ನಾವು ಹೇಳುವುದಿಲ್ಲ, ಸಿದ್ಧಗಂಗೆಯಲ್ಲಿಯೂ ಗದ್ದುಗೆಯಿದೆ. ಬಾದನಹಟ್ಟಿ, ಕುರುಗೋಡು ಸೀಮೆಯ ಹಿರಿಯರಲ್ಲಿ ನಮ್ಮ ವಿನಂತಿ ಬೇರೆ. ಶಿವಗಣಾರಾಧನೆಗೆಂದು ಇನ್ನೂ ಹೊಲದಲ್ಲಿರುವ ಮೆಣಸಿನಕಾಯಿಯ ಮೇಲೆ ಸಾಲ ತರಬೇಡಿರಿ. ಊರಿಗೆಲ್ಲ ಹೋಳಿಗೆ ಬಡಿಸಿ, ಮರುದಿನ ವಿಧವೆಯಾದ ಸೊಸೆ ಬಡ್ಡಿಯ ಲೆಕ್ಕ ಹಾಕುತ್ತ ಕುಳಿತರೆ ಹೋದ ಜೀವಕ್ಕೆ ಯಾವ ತೃಪ್ತಿ? ಜಂಗಮರೊಬ್ಬರಿಗೆ ಪ್ರಸಾದ, ಹಸಿದ ನಾಲ್ವರಿಗೆ ಅನ್ನ ಸಾಕು. “ಜನ ಏನಂದಾರು” ಎಂಬ ಅಂಜಿಕೆಯನ್ನು ಹಿರಿಯರಾದ ತಾವೇ ಮೊದಲು ಮುರಿಯಬೇಕು. ಕಿರಿಯರಿಂದ ಅದು ಆಗದು.

ಇನ್ನು ವರ್ಷಕ್ಕೊಮ್ಮೆಯ ಪುಣ್ಯಸ್ಮರಣೆ. ಪಟಕ್ಕೆ ಹಾರ ಹಾಕಿದರೆ ಮೊಮ್ಮಕ್ಕಳಿಗೆ ತಿಳಿಯುವುದಾದರೂ ಏನು? ಅಂದು ಸಂಜೆ ಅವರನ್ನು ಕಟ್ಟೆಯ ಮೇಲೆ ಕೂಡಿಸಿಕೊಂಡು ಹೇಳಿರಿ: ಕಾಲುವೆ ನೀರು ಬರುವ ಮುಂಚೆ ನಿಮ್ಮ ಅಜ್ಜ ಆ ಹೊಲದಲ್ಲಿ ಏನು ಬಿತ್ತುತ್ತಿದ್ದ, ಅಜ್ಜಿ ಯಾರ ಯಾರ ಮನೆಯ ಬಾಣಂತನಕ್ಕೆ ಓಡುತ್ತಿದ್ದಳು, ಇಬ್ಬರೂ ಯಾವ ಮಾತಿಗೆ ಜಗಳವಾಡುತ್ತಿದ್ದರು ಎಂದು.